ಮುಖ ಬಿಟ್ಟು ಓಟ ನೋಡಿ: ಆಲ್ಡೊ ಸಾಂಬ್ರೆಲ್ ಬೆನ್ನು ಹತ್ತಿದ ನನ್ನ ಅನುಭವ

ಇಟಲಿಯವರು ತೆಗೆದ ಹಳೆಯ ಕೌಬಾಯ್ ಚಿತ್ರಗಳಲ್ಲಿ ಗ್ಯಾಂಗಿನ ಹಿಂದಿನ ಸಾಲಲ್ಲಿ ನಿಂತು ಗುಂಡು ತಿಂದು ಬೀಳುವ ನಟನ ಚಿತ್ರಪಟ್ಟಿ ಮಾಡುತ್ತೇನೆ ಅಂದಾಗ ನಮ್ಮ ಫಿಲ್ಮ್ ಸೊಸೈಟಿಯ ಹಿರಿಯರೊಬ್ಬರು ನಕ್ಕುಬಿಟ್ಟರು. "ಎಲ್ಲರಿಗೂ ಅದೇ ಗಡ್ಡ, ಅದೇ ಟೋಪಿ. ಹೇಗ್ರೀ ಗುರುತು ಹಿಡೀತೀರಿ?" ಈಗ ಅವರೇ ಪೆನ್‌ಡ್ರೈವ್ ಹಿಡಿದು ಪಟ್ಟಿ ಕೇಳಿಕೊಂಡು ಬರುತ್ತಾರೆ.

ಆ ನಟ ಸ್ಪೇನಿನ ಆಲ್ಡೊ ಸಾಂಬ್ರೆಲ್. ಮುಖ ನೀವು ನೋಡಿರುತ್ತೀರಿ. ಇಟಲಿಯ ನಿರ್ದೇಶಕ ಸೆರ್ಜಿಯೊ ಲಿಯೋನೆ ಕ್ಲಿಂಟ್ ಈಸ್ಟ್‌ವುಡ್ ಜೊತೆ ಮಾಡಿದ ಡಾಲರ್ ಚಿತ್ರಗಳು ಮೂರರಲ್ಲೂ ಇದ್ದಾನೆ, 1968ರ 'ಒನ್ಸ್ ಅಪಾನ್ ಎ ಟೈಮ್ ಇನ್ ದ ವೆಸ್ಟ್'ನಲ್ಲಿ ಡಕಾಯಿತ ಚೆಯೆನ್‌ನ ಕಡೆಯವನಾಗಿ ಮತ್ತೆ ಬರುತ್ತಾನೆ. ತೊಂದರೆ ಇರುವುದು ಉಳಿದ ಚಿತ್ರಗಳಲ್ಲಿ. ಟೈಟಲ್ ಕಾರ್ಡ್ ನಂಬುವಂತಿಲ್ಲ. ಇಟಲಿಯವರು ಇಂಗ್ಲಿಷ್ ಹೆಸರು ಹಾಕಿಕೊಳ್ಳುತ್ತಿದ್ದರು: ಲಿಯೋನೆಯೇ ಬಾಬ್ ರಾಬರ್ಟ್‌ಸನ್, ಸಂಗೀತದ ಮೊರಿಕೋನೆ ಡ್ಯಾನ್ ಸಾವಿಯೊ, ಖಳನಟ ಮಾರಿಯೊ ಬ್ರೆಗಾ ರಿಚರ್ಡ್ ಸ್ಟೈವಸೆಂಟ್ ಆಗಿದ್ದ ಕಾಲ ಅದು. ದನಿ ಕೇಳಿ ಹಿಡಿಯೋಣ ಅಂದರೆ ಎಲ್ಲವೂ ಆಮೇಲೆ ಡಬ್ ಆದದ್ದು, ಇಂಗ್ಲಿಷಿಗೊಬ್ಬ, ಇಟಾಲಿಯನ್ನಿಗೊಬ್ಬ. ಮುಖ ಗುರುತಿಸುವ ಸಾಫ್ಟ್‌ವೇರ್‌ಗೂ ಕೊಟ್ಟು ನೋಡಿದೆ. ಟೋಪಿಯ ನೆರಳು ಬಿದ್ದ ಮೀಸೆಯವರೆಲ್ಲ ಅದಕ್ಕೆ ಅಣ್ಣತಮ್ಮಂದಿರು.

ದುಡ್ಡು ಹೋದದ್ದು ಸಿನಿಮಾ ಡಿಸ್ಕಿಗೆ. ಜರ್ಮನಿ, ಸ್ಪೇನ್‌ನಿಂದ ತರಿಸಿದ್ದು, ಕೊರಿಯರ್, ಡ್ಯೂಟಿ, ಎಲ್ಲ ದೇಶದ ಡಿಸ್ಕ್ ಓಡಿಸುವ ಪ್ಲೇಯರ್ ಎಲ್ಲ ಸೇರಿ ನಲವತ್ತು ಸಾವಿರದ ಹತ್ತಿರ ಆಗಿರಬೇಕು. ಒಬ್ಬ ಮಾರಾಟಗಾರ ಪೂರ್ತಿ ಅಗಲದ್ದು ಅಂತ ಹೇಳಿ ಹಳೆಯ ಟಿವಿ ಪ್ರಿಂಟ್ ಕಳಿಸಿದ. ಈ ಚಿತ್ರಗಳನ್ನು ತೆಗೆಯುತ್ತಿದ್ದ ಟೆಕ್ನಿಸ್ಕೋಪ್ ಎಂಬ ಅಗಲ ಪರದೆ ಪದ್ಧತಿಯ ಉದ್ದನೆ ಚೌಕಟ್ಟನ್ನು ಟಿವಿಗೆ ಕತ್ತರಿಸಿದರೆ ಮೊದಲು ಹೋಗುವುದೇ ಅಂಚು. ನಮ್ಮವನು ನಿಲ್ಲುವುದೂ ಅಲ್ಲೇ! ಅಂಥ ಪ್ರಿಂಟಿನಲ್ಲಿ ಒಂದು ಮೊಣಕೈ, ಅರ್ಧ ಟೋಪಿ, ಅಷ್ಟೇ ಸಿಕ್ಕದ್ದು.

ದಾರಿ ತೋರಿಸಿದ್ದು ಫುಟ್‌ಬಾಲ್. ಸಿನಿಮಾಕ್ಕೆ ಬರುವ ಮುಂಚೆ ಸಾಂಬ್ರೆಲ್ ಮೆಕ್ಸಿಕೊದಲ್ಲೂ ಸ್ಪೇನಿನಲ್ಲೂ ಆಡಿದವನು. ಗಡ್ಡ ಬದಲಾಗಬಹುದು, ಓಟ ಬದಲಾಗುತ್ತದೆಯೇ? ಮಾದರಿಗೆ ನಿರ್ದೇಶಕ ಕೊರ್ಬುಚ್ಚಿಯ 'ನವಾಹೊ ಜೋ' (1966) ಇಟ್ಟುಕೊಂಡೆ. ಬರ್ಟ್ ರೆನಾಲ್ಡ್ಸ್ ಎದುರು ಅಲ್ಲಿ ಅವನೇ ದೊಡ್ಡ ಖಳ, ಡಂಕನ್. ಬೇಕಾದಷ್ಟು ಹೊತ್ತು ಕಾಣಸಿಗುತ್ತಾನೆ. ಸೌಂಡ್ ಬಂದ್ ಮಾಡಿ, ಕುದುರೆ ಇಳಿಯುವ, ಓಡಿ ತಿರುಗುವ ಶಾಟ್‌ಗಳನ್ನಷ್ಟೇ ಕತ್ತರಿಸಿಟ್ಟೆ. ಮಾನಿಟರ್ ಮೇಲೆ ಓಎಚ್‌ಪಿಯ ಪಾರದರ್ಶಕ ಪ್ಲಾಸ್ಟಿಕ್ ಹಾಳೆ ಅಂಟಿಸಿ, ಫ್ರೇಮ್ ಫ್ರೇಮಿಗೂ ಭುಜಕ್ಕೊಂದು ಚುಕ್ಕಿ, ಸೊಂಟಕ್ಕೊಂದು ಚುಕ್ಕಿ. ಅನುಮಾನ ಇರುವ ಚಿತ್ರದ ಮೇಲೆ ಅದೇ ಹಾಳೆ ಇಟ್ಟರೆ ಕೂಡುತ್ತದೋ ಇಲ್ಲವೋ ಕಣ್ಣಿಗೇ ಹೊಡೆಯುತ್ತದೆ. ಕ್ಯಾಮೆರಾ ದೂರ ಹೆಚ್ಚುಕಡಿಮೆ ಆದರೆ ಹೇಗೆ ಸರಿದೂಗಿಸುವುದು ಅಂತ ಕೇಳಬೇಡಿ, ಅದೊಂದು ನನ್ನ ಹತ್ತಿರವೇ ಇರಲಿ. ಕುದುರೆಯಿಂದ ಬೀಳುವ ಶಾಟ್ ಮಾತ್ರ ಲೆಕ್ಕಕ್ಕೆ ತಗೋಬೇಡಿ, ಬೀಳುವವನು ಸ್ಟಂಟಿನವನಿರಬಹುದು.

ನಡುವೆ ಕುದುರೆ ಜೀನು ನೋಡಿ ಗುರುತು ಹಿಡಿಯುವ ಹುಚ್ಚೂ ಹಿಡಿದಿತ್ತು. ಸ್ಪೇನಿನ ಅಲ್ಮೇರಿಯಾದಲ್ಲಿ ತೆಗೆದ ಚಿತ್ರಗಳನ್ನು ಪಕ್ಕಪಕ್ಕ ಇಟ್ಟರೆ ಎಲ್ಲ ಜೀನೂ ಒಂದೇ ಥರ ಕಂಡವು, ಅಲ್ಲಿಗೆ ಬಿಟ್ಟೆ. ಬ್ರೆಗಾನ ಮೇಲೂ ಹಾಳೆ ಇಟ್ಟು ನೋಡಿದೆ. ಮೊದಲು ಮಾಂಸದಂಗಡಿಯಲ್ಲಿದ್ದ ಆ ದೈತ್ಯನಿಗೆ ಚುಕ್ಕಿ ಯಾಕೆ, ಬಾಗಿಲಲ್ಲಿ ನಿಂತರೇ ಸಾಕು. 80ರ ದಶಕದಲ್ಲಿ ಇಟಲಿಯ ಕಾರ್ಲೊ ವೆರ್ದೋನೆ ಮಾಡಿದ ಹಾಸ್ಯಚಿತ್ರಗಳಲ್ಲೂ ಥಟ್ಟನೆ ಸಿಕ್ಕ.

ಓಟ ನೋಡಿ ಸಾಂಬ್ರೆಲ್ ಅಂತ ನಾನು ಬರೆದಿಟ್ಟಿದ್ದ ಒಂದು ಚಿತ್ರದ ಸ್ಪ್ಯಾನಿಷ್ ಪ್ರಿಂಟ್ ಕಳೆದ ವರ್ಷ ಕೈಗೆ ಬಂತು. ಟೈಟಲ್‌ನಲ್ಲಿ ಅವನ ಹೆಸರಿತ್ತು. ಚಿತ್ರ ಯಾವುದು ಅಂತ ಪಟ್ಟಿ ಮುಗಿದ ಮೇಲೆ ಹೇಳುತ್ತೇನೆ. ಈಗ ಇಂಥದ್ದೇ ಇನ್ನೊಬ್ಬ ಸ್ಪೇನಿನ ನಟ ಫ್ರಾಂಕ್ ಬ್ರಾನ್ಯಾನ ಪಟ್ಟಿ ಶುರುವಾಗಿದೆ. ಅವನ ಎರಡು ಡಿಸ್ಕ್ ಕಸ್ಟಮ್ಸ್‌ನಲ್ಲಿ ಕೂತಿವೆ.