ಮಿಮಿ ದೆರ್ಬಾ ಅವರ ಸಿನಿಮಾಗಳನ್ನು ಕೊನೆಯಿಂದ ಶುರು ಮಾಡಿ ನೋಡಿ

ಮೆಕ್ಸಿಕೋದ ಹಳೆ ಸಿನಿಮಾ ಬಗ್ಗೆ ಆಸಕ್ತಿ ಇರುವವರು ಮಿಮಿ ದೆರ್ಬಾ ಅನ್ನೋ ಹೆಸರನ್ನು ಒಮ್ಮೆಯಾದರೂ ಓದಿರುತ್ತೀರಿ. ಗಾಯಕಿ, ರಂಗನಟಿ, ಕಥೆಗಾರ್ತಿ, ನಿರ್ಮಾಪಕಿ. ಮೆಕ್ಸಿಕೋದಲ್ಲಿ ಸಿನಿಮಾ ನಿರ್ದೇಶಿಸಿದ ಮೊದಲ ಹೆಂಗಸು ಅಂತ ಅನೇಕ ಇತಿಹಾಸಕಾರರು ಹೇಳುವುದೂ ಇವರನ್ನೇ. ಆದರೆ ಇವರ ಸಿನಿಮಾ ನೋಡೋಣ ಅಂತ ಹೊರಟರೆ ಮೊದಲ ಹೆಜ್ಜೆಯಲ್ಲೇ ನಿಲ್ಲಬೇಕಾಗುತ್ತದೆ, ಯಾಕೆಂದರೆ 1917ರಲ್ಲಿ ಅವರು ಮಾಡಿದ ಮೂಕಿ ಚಿತ್ರಗಳು ಈಗ ಉಳಿದಿಲ್ಲ. ಅದಕ್ಕೇ ಉಲ್ಟಾ ಹೋಗಿ ಅಂತೀನಿ.

ಮೊದಲು 1948ರ 'ಉಸ್ತೆದೆಸ್ ಲೋಸ್ ರಿಕೋಸ್' ನೋಡಿ. ಇದು 'ನೊಸೊತ್ರೋಸ್ ಲೋಸ್ ಪೊಬ್ರೆಸ್' ಚಿತ್ರದ ಮುಂದುವರಿಕೆ, ಹಾಗಾಗಿ ಅದರ ಕಥೆಯನ್ನು ಮೊದಲೇ ಓದಿಕೊಂಡರೆ ಒಳ್ಳೆಯದು. ಪೆದ್ರೋ ಇನ್ಫಾಂತೆ ನಾಯಕ. ಮಿಮಿ ಅವರದು ದೊನ್ಯಾ ಚಾರಿತೋ ಎಂಬ ಶ್ರೀಮಂತ ಅಜ್ಜಿಯ ಪಾತ್ರ. ದರ್ಪದ ಈ ಮುದುಕಿ ಕೊನೆಗೆ ಬಡವರ ವಠಾರಕ್ಕೆ ಬಂದು ಪ್ರೀತಿ ಕೇಳುವ ದೃಶ್ಯವನ್ನು ಎರಡು ಸಲ ನೋಡಿ, ಒಮ್ಮೆ ಕಥೆಗೆ, ಇನ್ನೊಮ್ಮೆ ಬರೀ ಅವರ ಮುಖಕ್ಕೆ.

ಆಮೇಲೆ ಎಮಿಲಿಯೋ ಫೆರ್ನಾಂದೆಸ್ ನಿರ್ದೇಶನದ ಎರಡು ಚಿತ್ರಗಳಿವೆ. 'ಸಲೋನ್ ಮೆಹಿಕೋ'ದಲ್ಲಿ ಇವರು ಹೆಣ್ಣುಮಕ್ಕಳ ಶಾಲೆಯ ಮುಖ್ಯಸ್ಥೆ, 1943ರ 'ಫ್ಲೋರ್ ಸಿಲ್ವೆಸ್ತ್ರೆ'ಯಲ್ಲಿ ಜಮೀನ್ದಾರನ ಹೆಂಡತಿ. ಎರಡೂ ಚಿಕ್ಕ ಪಾತ್ರಗಳೇ. ಸಮಯ ಕಡಿಮೆ ಇದ್ದರೆ ಎರಡನೆಯದು ಸಾಕು.

ಇನ್ನು 'ಸಾಂತಾ'ಗೆ ಬನ್ನಿ, ಇಲ್ಲಿ ಮಾತ್ರ ಅವಸರ ಬೇಡ. 1931ರಲ್ಲಿ ತಯಾರಾಗಿ ಮರುವರ್ಷ ತೆರೆಕಂಡ ಈ ಚಿತ್ರದಲ್ಲಿ ಧ್ವನಿಯನ್ನು ಫಿಲ್ಮ್ ಮೇಲೆಯೇ ನೇರವಾಗಿ ದಾಖಲಿಸಿದ್ದರು, ಮೆಕ್ಸಿಕೋಗೆ ಅದು ಹೊಸದು. ಊರು ಬಿಡಬೇಕಾಗಿ ಬಂದ ಹುಡುಗಿ ಸಾಂತಾ ಸೇರುವ ವೇಶ್ಯಾಗೃಹದ ಯಜಮಾನಿ ಎಲ್ವಿರಾ ಆಗಿ ಮಿಮಿ ಕಾಣಿಸಿಕೊಳ್ಳುತ್ತಾರೆ. ಹಾಡು, ಮಾತು ಎರಡೂ ಬೆರೆತ 'ಸಾರ್ಸುವೇಲಾ' ಎಂಬ ಸ್ಪ್ಯಾನಿಷ್ ನಾಟಕಗಳಲ್ಲಿ ಹೆಸರು ಮಾಡಿದವರು ಅವರು. ಭಾಷೆ ಗೊತ್ತಿಲ್ಲದಿದ್ದರೂ ಪರವಾಗಿಲ್ಲ, ಅವರು ಬರುವ ದೃಶ್ಯಗಳಲ್ಲಿ ಸುಮ್ನೆ ದನಿಗೆ ಕಿವಿ ಕೊಡಿ.

ಈಗ 1917. ಆಗ ಅವರಿಗೆ 24 ತುಂಬಿರಲಿಲ್ಲ. ಛಾಯಾಗ್ರಾಹಕ ಎನ್ರಿಕೆ ರೋಸಾಸ್ ಜೊತೆ ಸೇರಿ ಆಸ್ತೇಕಾ ಫಿಲ್ಮ್ಸ್ ಕಟ್ಟಿದರು. ಮೆಕ್ಸಿಕೋ ಕ್ರಾಂತಿಯ ಗಲಾಟೆ ಇನ್ನೂ ಪೂರ್ತಿ ತಣ್ಣಗಾಗಿರಲಿಲ್ಲ, ಅಮೆರಿಕದ ಚಿತ್ರಗಳಲ್ಲಿ ಮೆಕ್ಸಿಕೋದವರು ಅಂದರೆ ಡಕಾಯಿತರು, ಅಂಥ ಹೊತ್ತಿನಲ್ಲಿ ಒಂದೇ ವರ್ಷದಲ್ಲಿ ಐದು ಕಥಾಚಿತ್ರ! 'ಎನ್ ದೆಫೆನ್ಸಾ ಪ್ರೋಪಿಯಾ'ಗೆ ಕಥೆ ಬರೆದು ತಾವೇ ನಟಿಸಿದರು. 'ಲಾ ತಿಗ್ರೆಸಾ'ದ ನಿರ್ದೇಶನ ಇವರದು ಅಂತ ಹೇಳುತ್ತಾರೆ. ಕಂಪನಿ ಬೇಗನೆ ಮುಚ್ಚಿತು, ಅವರು ರಂಗಭೂಮಿಗೆ ಮರಳಿದರು, ಬರೆಯುವುದನ್ನೂ ಬಿಡದೆ 1921ರಲ್ಲಿ 'ರೆಯಾಲಿದಾದೆಸ್' ಎಂಬ ಪುಸ್ತಕ ತಂದರು. ನಮಗೆ ಸಿಗುವ ಮಿಮಿ ಅಂದರೆ ಜಾಸ್ತಿ ತಾಯಿ, ಅಜ್ಜಿ ಪಾತ್ರಗಳೇ, ಆದರೆ ಅವರು ಧೈರ್ಯ ಮಾಡಿ ದುಡಿದದ್ದು ಈ ಕಾಣದ ವರ್ಷದಲ್ಲಿ. ನನಗೆ ಇದು ನಿಜಕ್ಕೂ ಸಂಕಟ ಕೊಡುವ ವಿಷಯ.

ಹುಡುಕುವಾಗ ಹೆಸರನ್ನು ಸ್ಪ್ಯಾನಿಷ್ ಕಾಗುಣಿತದಲ್ಲೇ (Mimí Derba) ಟೈಪ್ ಮಾಡಿ, ಜೊತೆಗೆ 1917 ಸೇರಿಸಿ. ಅವರ ನಿಜವಾದ ಹೆಸರು ಮರಿಯಾ ಎರ್ಮಿನಿಯಾ ಪೆರೆಸ್ ದೆ ಲೆಯೋನ್ (María Herminia Pérez de León), ಅದರಲ್ಲೂ ಒಮ್ಮೆ ಹುಡುಕಿ. ಕೊಲಂಬಿಯಾ ವಿಶ್ವವಿದ್ಯಾಲಯದವರು ಮೂಕಿ ಕಾಲದ ಮಹಿಳೆಯರ ಬಗ್ಗೆ ನಡೆಸುವ ತಾಣದಲ್ಲಿ ಇವರ ಮೇಲೊಂದು ಒಳ್ಳೆಯ ಬರಹ ಇದೆ, ಇಂಗ್ಲಿಷಿನಲ್ಲಿ. ಅವರ ಯೌವನದ ಫೋಟೋ ಸಿಕ್ಕಾಗ ಅದನ್ನು ಪೂರ್ತಿ ಪರದೆಗೆ ಹಾಕಿಕೊಂಡು, 'ಸಾಂತಾ'ದಲ್ಲಿ ಕೇಳಿದ ದನಿಯನ್ನು ನೆನಪು ಮಾಡಿಕೊಳ್ಳಿ.