ಮದ್ದೂರಿನಲ್ಲಿ ಕೂತು ಇಸ್ಲಾಮಾಬಾದ್ ಭೇಟಿಯ ಸಾಕ್ಷ್ಯಚಿತ್ರ ಮಾಡೋದು ಹೇಗೆ?

ನಾಯಕರ ವಿದೇಶ ಭೇಟಿಯ ಮೇಲೆ ಸಾಕ್ಷ್ಯಚಿತ್ರ ಮಾಡಬೇಕು ಅಂತ ಬರೋ ಮಂಡ್ಯದ ಹುಡುಗರಿಗೆ ವಿಮಾನದ ಖರ್ಚಿನದೇ ಚಿಂತೆ. ಮುಗಿದುಹೋದ ಭೇಟಿಗೆ ಟಿಕೆಟ್ ಯಾಕೆ? ಸೋಮನಹಳ್ಳಿಯ ಎಸ್.ಎಂ. ಕೃಷ್ಣ ಅವರ 2012ರ ಪಾಕಿಸ್ತಾನ ಭೇಟಿಯನ್ನು ನಾನು ಮದ್ದೂರಿನ ಸುತ್ತಮುತ್ತಲೇ ಚಿತ್ರ ಮಾಡಿದೆ.

ಭೇಟಿಯಲ್ಲಿ ಆದ ಒಂದೇ ಕೆಲಸ ಹಿಡಿದುಕೊಳ್ಳಿ. ಕೈಕುಲುಕೋದು, ಹೂಗುಚ್ಛ ಎಲ್ಲ ಭೇಟಿಯಲ್ಲೂ ಇರುತ್ತೆ. ನಾನು ಹಿಡಿದದ್ದು ಸೆಪ್ಟೆಂಬರ್ 8ರಂದು ಸಹಿಯಾದ ವೀಸಾ ಒಪ್ಪಂದ. 65 ದಾಟಿದವರಿಗೆ ಅಟ್ಟಾರಿ-ವಾಘಾ ಗಡಿಯಲ್ಲೇ ವೀಸಾ ಕೊಡುವ ಮಾತು ಅದರಲ್ಲಿತ್ತು. ಮುಂದಿನ ತಿಂಗಳೇ ಕೃಷ್ಣ ವಿದೇಶಾಂಗ ಸಚಿವ ಸ್ಥಾನಕ್ಕೆ ರಾಜೀನಾಮೆ ಕೊಟ್ಟರು. 2013ರ ಜನವರಿಯಲ್ಲಿ ಗಡಿಯಲ್ಲಿ ಗಲಾಟೆಯಾಗಿ ಹಿರಿಯರ ವೀಸಾ ತಡೆಹಿಡಿದರು. ಸಹಿ ಹಾಕಿದ ದೃಶ್ಯಕ್ಕೇ ಚಿತ್ರ ಮುಗಿಸಿದರೆ ನೋಡುವವರಿಗೆ ಸುಳ್ಳು ಹೇಳಿದ ಹಾಗೆ.

ನಿರೂಪಣೆಯಲ್ಲಿ ಪದ ನೋಡಿ ಬಳಸಿ, ಈ ಭೇಟಿಯನ್ನು ‘ಸ್ಟೇಟ್ ವಿಸಿಟ್’ ಅನ್ನಬೇಡಿ. ಆ ಮಾತು ರಾಷ್ಟ್ರದ ಮುಖ್ಯಸ್ಥರ ಭೇಟಿಗೆ. ದಸರೆಯಲ್ಲಿ ನಾವು ಕೇಳೋ 21 ಕುಶಾಲತೋಪು ರಾಷ್ಟ್ರದ ಮುಖ್ಯಸ್ಥರಿಗೆ ಸಲ್ಲುವ ಗೌರವ. ಕೃಷ್ಣ ಆಗ ವಿದೇಶಾಂಗ ಸಚಿವರು. ಅದು ಅಧಿಕೃತ ಭೇಟಿ ಅಷ್ಟೆ.

ಸುದ್ದಿ ತುಣುಕನ್ನು ಯೂಟ್ಯೂಬಿನಿಂದ ಇಳಿಸಿ ಹಾಕಿಬಿಡಬೇಡಿ. ಪ್ರಕಟವಾದ ಮೇಲೆ 60 ವರ್ಷ ಹಕ್ಕುಸ್ವಾಮ್ಯ ಇರುತ್ತೆ. ಎಷ್ಟು ಸೆಕೆಂಡು ಬೇಕು, ಎಲ್ಲಿ ತೋರಿಸ್ತೀರಿ ಅಂತ ಬರೆದು ಲಿಖಿತ ಒಪ್ಪಿಗೆ ತಗೊಳ್ಳಿ.

ಚಿತ್ರದ ಜೀವ ಇರೋದು ಊರಿನವರ ಮಾತಿನಲ್ಲಿ. ಪತ್ರಿಕೆ ತುಣುಕುಗಳನ್ನು ಟ್ರಂಕಿನಲ್ಲಿ ಜೋಪಾನ ಮಾಡಿದ್ದ ನಿವೃತ್ತ ಮೇಷ್ಟ್ರೊಬ್ಬರು ನನಗೆ ಸಿಕ್ಕರು. ಮೊದಲ ದಿನ ಸೆಕೆಗೆ ಫ್ಯಾನ್ ಹಾಕಿಕೊಂಡೇ ರೆಕಾರ್ಡ್ ಮಾಡಿದೆ. ಮನೆಗೆ ಬಂದು ಕೇಳಿದರೆ ಮಾತಿನ ಮೇಲೆಲ್ಲ ಗುಂಯ್ ಅನ್ನೋ ಸದ್ದು, ಒಂದು ವಾಕ್ಯವೂ ಉಳಿದಿರಲಿಲ್ಲ. ಮತ್ತೆ ಹೋಗಿ, "ಮೇಷ್ಟ್ರೇ, ಇನ್ನೊಂದ್ಸಲ ಹೇಳ್ತೀರಾ?" ಅಂತ ಕೇಳಿಕೊಂಡೆ. ಹೇಳಿದರು, ಆದರೆ ಮೊದಲ ದಿನದ ನಡುಕ ದನಿಯಲ್ಲಿರಲಿಲ್ಲ. ಅದು ಇವತ್ತಿಗೂ ನನ್ನನ್ನು ಕಾಡುತ್ತೆ. ಆದ್ದರಿಂದ ಫ್ಯಾನ್, ಫ್ರಿಜ್ ಆರಿಸಿ, ಹೆಡ್‌ಫೋನ್ ಹಾಕಿಕೊಂಡೇ ಕೂರಿ. ಮಾತು ಮುಗಿದ ಮೇಲೆ ಅರ್ಧ ನಿಮಿಷ ಖಾಲಿ ಕೋಣೆಯ ಸದ್ದು ಹಿಡಿಯಿರಿ. ಎಡಿಟಿಂಗಿನಲ್ಲಿ ಮಾತು ಕತ್ತರಿಸಿ ಅಂಟಿಸುವಾಗ ಬೇಕಾಗುತ್ತೆ. ನಮ್ಮ ಕರೆಂಟು 50 ಹರ್ಟ್ಜ್, ಅಂದರೆ ಸೆಕೆಂಡಿಗೆ 50 ಸುತ್ತು. ಟ್ಯೂಬ್‌ಲೈಟ್ ಕೆಳಗೆ ಸೆಕೆಂಡಿಗೆ 25 ಫ್ರೇಮು, ಶಟರ್ 1/50 ಇಟ್ಟರೆ ಚಿತ್ರ ಮಿನುಗೋದಿಲ್ಲ.

ಇನ್ನೊಂದು. ಪ್ರಶ್ನೆ ಮುಗೀತು ಅಂತ ಕ್ಯಾಮೆರಾ ಆರಿಸಬೇಡಿ. ಮೇಷ್ಟ್ರು ಹಳದಿಯಾದ ತುಣುಕನ್ನು ನಾಲ್ಕಾಗಿ ಮಡಿಸಿ, ಅಂಗೈಯಿಂದ ಒತ್ತಿ, ಟ್ರಂಕಿನ ಚಿಲಕ ಹಾಕುವ ತನಕ ಓಡಲಿ.