ವಲೊ ರಾದೆವ್ ಅವರ ಚಿತ್ರಗಳನ್ನು ಯಾವ ಕ್ರಮದಲ್ಲಿ ನೋಡಬೇಕು?

ಛಾಯಾಗ್ರಾಹಕರೊಬ್ಬರು ನಿರ್ದೇಶಕರಾದಾಗ ಅವರ ಕಣ್ಣಿಗೆ ಏನಾಗುತ್ತದೆ ಎಂದು ತಿಳಿಯಬಯಸುವವರಿಗೆ ಬಲ್ಗೇರಿಯಾದ ವಲೊ ರಾದೆವ್ (1923–2001) ಅವರ ಚಿತ್ರಗಳು ಒಳ್ಳೆಯ ಅಭ್ಯಾಸ. ಆದರೆ ಸಿಕ್ಕಿದ್ದನ್ನು ಸಿಕ್ಕಂತೆ ನೋಡಿದರೆ ಎಳೆ ಕೈಗೆ ಸಿಗುವುದಿಲ್ಲ.

ಮೊದಲು ಹುಡುಕುವ ವಿಷಯ. ‘ವಲೊ’ ಎಂಬಲ್ಲಿನ ಮೊದಲ ಸ್ವರ ನಮ್ಮ ‘ಅ’ಕಾರಕ್ಕೆ ಹತ್ತಿರದ್ದು, ಇಂಗ್ಲಿಷ್ ಲಿಪಿಯಲ್ಲಿ ಅದನ್ನು ಕೆಲವರು ‘ಎ’ ಎಂದೂ ಕೆಲವರು ‘ಯು’ ಎಂದೂ ಬರೆಯುವುದರಿಂದ ಎರಡೂ ಬಗೆಯಲ್ಲಿ ಹುಡುಕಿ. ಬಲ್ಗೇರಿಯನ್ ಚಿತ್ರಗಳ ಶೀರ್ಷಿಕೆಪಟ್ಟಿಯಲ್ಲಿ ಛಾಯಾಗ್ರಾಹಕರನ್ನು ‘ಒಪೆರಾಟೊರ್’ ಎಂದೂ ನಿರ್ದೇಶಕರನ್ನು ‘ರೆಜಿಸ್ಯೊರ್’ ಎಂದೂ ಕರೆಯುತ್ತಾರೆ. ಈ ಎರಡು ಪದಗಳನ್ನು ಗುರುತಿಸಲು ಬಂದರೆ ಅರ್ಧ ಕೆಲಸ ಮುಗಿದಂತೆ.

ಮಾಸ್ಕೋದ ಚಲನಚಿತ್ರ ಸಂಸ್ಥೆಯಲ್ಲಿ ಕಲಿತ ರಾದೆವ್ ಅವರು ಕ್ಯಾಮೆರಾ ಹಿಡಿದ, ನಿಕೊಲಾ ಕೊರಾಬೊವ್ ನಿರ್ದೇಶನದ ‘ತಂಬಾಕು’ (1962) ಚಿತ್ರದಿಂದ ಆರಂಭಿಸಿ. ದಿಮಿತರ್ ದಿಮೊವ್ ಅವರ ಕಾದಂಬರಿಯನ್ನು ಆಧರಿಸಿದ ಇದು 1963ರ ಕಾನ್ ಉತ್ಸವದ ಸ್ಪರ್ಧೆಯಲ್ಲಿತ್ತು. ಕಥೆಗಾಗಿ ಒಮ್ಮೆ ನೋಡಿದ ಮೇಲೆ, ಇಪ್ಪತ್ತು ನಿಮಿಷದಷ್ಟು ಭಾಗವನ್ನು ಧ್ವನಿ ನಿಲ್ಲಿಸಿ ಮತ್ತೆ ನೋಡಿ. ಇರಿನಾ ಪಾತ್ರದ ನೆವೆನಾ ಕೊಕಾನೊವಾ ಅವರ ಮುಖದ ಮೇಲೆ ಬೆಳಕು ಯಾವ ಕಡೆಯಿಂದ ಬೀಳುತ್ತದೆ ಎಂಬುದನ್ನು ಮಾತ್ರ ಟಿಪ್ಪಣಿ ಮಾಡಿಕೊಳ್ಳಿ.

ಆಮೇಲೆ, ಎಮಿಲಿಯನ್ ಸ್ತಾನೆವ್ ಅವರ ನೀಳ್ಗತೆಯಿಂದ ರಾದೆವ್ ನಿರ್ದೇಶಿಸಿದ ‘ಪೀಚ್ ಹಣ್ಣಿನ ಕಳ್ಳ’ (1964). ಮೊದಲ ಮಹಾಯುದ್ಧದ ಕೊನೆಯ ದಿನಗಳಲ್ಲಿ, ತರ್ನೊವೊ ಪಟ್ಟಣದಲ್ಲಿ, ಹಸಿವಿನಿಂದ ಹಣ್ಣು ಕದಿಯಲು ತೋಟಕ್ಕೆ ನುಗ್ಗಿದ ಸರ್ಬಿಯಾದ ಯುದ್ಧಕೈದಿಗೂ ಕರ್ನಲ್‌ನ ಹೆಂಡತಿ ಲೀಸಾಗೂ ಬೆಳೆಯುವ ಪ್ರೇಮ ಇದರ ವಸ್ತು. ಲೀಸಾ ಕೂಡ ಕೊಕಾನೊವಾ ಅವರೇ. ಹೊಸಬರು ಎಡವುವುದು ಇಲ್ಲಿಯೇ: ಚಿತ್ರದ ಸೊಗಸನ್ನೆಲ್ಲ ರಾದೆವ್ ಅವರ ಕ್ಯಾಮೆರಾಕ್ಕೆ ಸಲ್ಲಿಸಿಬಿಡುತ್ತಾರೆ. ಇಲ್ಲಿನ ಒಪೆರಾಟೊರ್ ತೊದೊರ್ ಸ್ತೊಯಾನೊವ್. ಆದ್ದರಿಂದ ಹಿಂದಿನ ಟಿಪ್ಪಣಿಯನ್ನು ಪಕ್ಕದಲ್ಲಿಟ್ಟುಕೊಂಡು, ಅದೇ ಮುಖವನ್ನು ಇನ್ನೊಬ್ಬರ ಬೆಳಕಿನಲ್ಲಿ ನೋಡಿ.

ಮೂರನೆಯದು ರಾದೆವ್ ಅವರದಲ್ಲ; ಆದರೂ ಬಿಡಬೇಡಿ. ಅದೇ ಸ್ತೊಯಾನೊವ್ ಅವರು ಗ್ರಿಶಾ ಒಸ್ತ್ರೊವ್ಸ್ಕಿ ಅವರೊಡನೆ ನಿರ್ದೇಶಿಸಿದ ‘ಅಡ್ಡದಾರಿ’ (1967) ಎಂಬ ಚಿತ್ರದಲ್ಲಿ, ಹಳೆಯ ಪ್ರೇಮಿಗಳಿಬ್ಬರು ಹಲವು ವರ್ಷಗಳ ಬಳಿಕ ಆಕಸ್ಮಿಕವಾಗಿ ಎದುರಾಗಿ ಒಂದೇ ಕಾರಿನಲ್ಲಿ ಪ್ರಯಾಣ ಮಾಡುತ್ತಾರೆ. ನಾಯಕಿ ಮತ್ತೆ ಕೊಕಾನೊವಾ. ಈ ಮೂರನ್ನು ಒಂದೇ ವಾರದಲ್ಲಿ ನೋಡಿ ಮುಗಿಸುವುದು ಲೇಸು.

ಉಳಿದವುಗಳಿಗೆ ಅವಸರವಿಲ್ಲ. ‘ರಾಜ ಮತ್ತು ಜನರಲ್’ (1966) ನೋಡುವ ಮುನ್ನ, ಸೋವಿಯತ್ ಪರ ಬೇಹುಗಾರಿಕೆಯ ಆರೋಪದ ಮೇಲೆ 1942ರಲ್ಲಿ ಗುಂಡಿಗೆ ಬಲಿಯಾದ ಜನರಲ್ ಜಾಯಿಮೊವ್ ಅವರ ಬಗ್ಗೆ ಸ್ವಲ್ಪ ಓದಿಕೊಂಡಿರಬೇಕು. ಚಿತ್ರ ತಯಾರಾದದ್ದು ಕಮ್ಯುನಿಸ್ಟ್ ಆಳ್ವಿಕೆಯಲ್ಲಿ ಎಂಬುದೂ ನೆನಪಿರಲಿ. ರೈಲಿನಲ್ಲಿ ನಡೆಯುವ ‘ಅತಿ ದೀರ್ಘ ರಾತ್ರಿ’ (1967) ಇಕ್ಕಟ್ಟಿನ ಜಾಗದಲ್ಲಿ ದೃಶ್ಯ ಕಟ್ಟುವುದನ್ನು ಕಲಿಯುವವರಿಗೆ ತಕ್ಕದ್ದು.

‘ಶಾಪಗ್ರಸ್ತ ಆತ್ಮಗಳು’ (1975) ಚಿತ್ರವನ್ನು ಕೊನೆಗೆ ಇಟ್ಟುಕೊಳ್ಳಿ. ಸ್ಪೇನಿನ ಅಂತರ್ಯುದ್ಧದ ಹಿನ್ನೆಲೆಯ ಈ ಕಥೆಯೂ ದಿಮೊವ್ ಅವರ ಕಾದಂಬರಿಯದೇ. ಅದೇ ಲೇಖಕರ ಕೃತಿಯನ್ನು ಹದಿಮೂರು ವರ್ಷಗಳ ಹಿಂದೆ ಬೇರೆಯವರ ನಿರ್ದೇಶನದಲ್ಲಿ ಚಿತ್ರೀಕರಿಸಿದ್ದ ರಾದೆವ್, ಇಲ್ಲಿ ತಾವೇ ನಿರ್ದೇಶಕರು. ಇದು ಮುಗಿದ ದಿನವೇ ‘ತಂಬಾಕು’ ಚಿತ್ರದ ಮೊದಲ ರೀಲನ್ನು ಮತ್ತೊಮ್ಮೆ ಹಾಕಿ ನೋಡಿ.